ಪೀಪಿ ಮೇಷ್ಟ್ರ ಕಾಲು ಕೂಡಿಸುವ ರಾಗ

ನನ್ನ ದೊಡ್ಡಪ್ಪನ ಬ್ಯಾಂಡ್‌ಸೆಟ್ಟಿನಲ್ಲಿ ದೊಡ್ಡ ಡ್ರಮ್ಮು ಹೊರುವವನು ನಾನು. ಬಾರಿಸುವವನೂ ನಾನೇ. ಆದರೆ ದೊಡ್ಡಪ್ಪ ಎಂದೂ ನನ್ನನ್ನು ಹಾಗೆ ಪರಿಚಯಿಸಿದವರಲ್ಲ. "ಇವನು ನಮ್ಮ ತಮ್ಮನ ಮಗ. ಬೆನ್ನು ಗಟ್ಟಿ," ಎನ್ನುತ್ತಾರೆ, ಅಷ್ಟೆ. ವಾರವೆಲ್ಲ ಕೊರಿಯರ್ ಆಫೀಸಿನಲ್ಲಿ ಡಬ್ಬಗಳಿಗೆ ಟೇಪು ಸುತ್ತುವ ಕೆಲಸ, ಭಾನುವಾರ ಡ್ರಮ್ಮು. ಎರಡೂ ಕಡೆ ನನ್ನ ಮೇಲಿರುವ ದೂರು ಒಂದೇ: ಶುರು ಮಾಡಿದರೆ ಎಲ್ಲಿ ನಿಲ್ಲಿಸಬೇಕೆಂದು ಇವನಿಗೆ ತಿಳಿಯುವುದಿಲ್ಲ.

ದೊಡ್ಡಪ್ಪ ಕ್ಲಾರಿನೆಟ್ ಊದುತ್ತಾರೆ. ಊರೆಲ್ಲ ಅವರನ್ನು ಕರೆಯುವುದು ಪೀಪಿ ಮೇಷ್ಟ್ರು ಎಂದೇ. ಊದಿ ಊದಿ ಕೆನ್ನೆ ಸಡಿಲವಾಗಿದೆ. ಸುಮ್ಮನೆ ಕೂತಾಗ ಗಾಳಿ ಇಳಿದ ಬಲೂನಿನ ಹಾಗೆ ಕಾಣುತ್ತಾರೆ.

"ಈ ಕೆನ್ನೆ ನೋಡಿಯೇ ನಾನು ಮದುವೆಗೆ ಒಪ್ಪಿದ್ದು ಕಣೋ. ಈಗ ನೋಡು, ಖಾಲಿ ಚೀಲ," ಎನ್ನುತ್ತಾರೆ ದೊಡ್ಡಮ್ಮ.

"ಖಾಲಿ ಮಾಡಿದೋರು ಯಾರು?" ಎನ್ನುತ್ತಾರೆ ದೊಡ್ಡಪ್ಪ, ಬಾಯಿಯ ಒಂದು ಮೂಲೆಯಿಂದ. ಮತ್ತೊಂದು ಮೂಲೆಯಲ್ಲಿ ಕ್ಲಾರಿನೆಟ್ಟಿನ ರೀಡು ನೆನೆಯುತ್ತಿರುತ್ತದೆ. ಆ ತೆಳ್ಳನೆಯ ಪಟ್ಟಿ ಒಣಗಿದರೆ ಸ್ವರ ಕಿರುಚುತ್ತದೆಂದು ಅವರು ಬೆಳಗಿನಿಂದಲೇ ಅದನ್ನು ಬಾಯಲ್ಲಿಟ್ಟುಕೊಂಡು ಓಡಾಡುತ್ತಾರೆ. ನಮ್ಮ ಮನೆತನದ ದೊಡ್ಡ ತೀರ್ಮಾನಗಳೆಲ್ಲ ಬಂದಿರುವುದು ಬಾಯಿಯ ಆ ಅರ್ಧದಿಂದಲೇ.

ಅವರ ಮನೆಯ ಮುಂದಿನ ಕೋಣೆಯೇ ಬ್ಯಾಂಡಿನ ಕೋಣೆ. ಗೋಡೆಯ ಮೊಳೆಗಳಲ್ಲಿ ಕೆಂಪು ಕೋಟುಗಳು, ಮಂಚದ ಕೆಳಗೆ ಡ್ರಮ್ಮು, ಕಿಟಕಿಯಲ್ಲಿ ಹಿತ್ತಾಳೆ ಉಜ್ಜುವ ಬಟ್ಟೆ. ಅವರ ಒಬ್ಬಳೇ ಮಗಳು, ನನ್ನ ತಂಗಿ, ಹುಟ್ಟಿದ್ದೂ ಬೆಳೆದದ್ದೂ ಈ ಗದ್ದಲದ ನಡುವೆಯೇ. ಕೂಸಾಗಿದ್ದಾಗ ಗುಬ್ಬಿಯಷ್ಟೇ ಇದ್ದಳಂತೆ. ಹೆಸರು ಹಾಗೇ ಅಂಟಿಕೊಂಡಿತು. ಆದರೆ ಅಳುವಾಗ ಗುಬ್ಬಿಯಲ್ಲ, ಕಾಗೆ. ಅವಳನ್ನು ಮಲಗಿಸಲೆಂದು ದೊಡ್ಡಪ್ಪ ಒಂದು ಸಣ್ಣ ರಾಗ ಕಟ್ಟಿದರು. ತೊಟ್ಟಿಲು ಆ ಕಡೆ ಹೋಗಿ ಈ ಕಡೆ ಬರುವಷ್ಟು ಹೊತ್ತಿಗೆ ಒಂದು ಸಾಲು.

ರಾಗಕ್ಕೆ ಬಹಳ ಬೇಗ ಬೇರೆ ಕೆಲಸ ಸಿಕ್ಕಿತು. ಬ್ಯಾಂಡು ಹೊರಡುವಾಗ ಒಬ್ಬನ ಎಡಗಾಲು ಮುಂದಿದ್ದರೆ ಇನ್ನೊಬ್ಬನ ಬಲಗಾಲು. ಎಲ್ಲರ ಹೆಜ್ಜೆ ಒಂದಾಗಲೆಂದು ದೊಡ್ಡಪ್ಪ ಮೊದಲು ಈ ರಾಗ ಊದುತ್ತಿದ್ದರು. ಕಾಲು ಕೂಡಿದ ಮೇಲೆ ಗಿರಾಕಿ ಕೇಳಿದ ಹಾಡು. ಮದುವೆಗೆ ತುಸು ಚುರುಕಾಗಿ, ಹೆಣದ ಮುಂದೆ ತೀರ ನಿಧಾನವಾಗಿ. ಮೇಲಿನ ಬೀದಿ, ಕೆಳಗಿನ ಬೀದಿ ಎಂಬ ಭೇದವಿರಲಿಲ್ಲ. "ಕಾಲಿಗೆ ಪಕ್ಷ ಇಲ್ಲ ಕಣೋ," ಎನ್ನುತ್ತಿದ್ದರು.

ಪಕ್ಷಕ್ಕೆ ಕಾಲು ಇದೆ ಎಂಬುದು ಆಮೇಲೆ ಗೊತ್ತಾಯಿತು. ಒಂದು ಚುನಾವಣೆಯಲ್ಲಿ ಮೇಲಿನ ಬೀದಿಯ ಮೆಂಬರು ಮೆರವಣಿಗೆಗೆ ನಮ್ಮನ್ನು ಕರೆದರು. ನಾವು ವಾಡಿಕೆಯಂತೆ ಕಾಲು ಕೂಡಿಸುವ ರಾಗದಿಂದಲೇ ಶುರು ಮಾಡಿದೆವು. ಜನ ಕುಣಿದರು. ಮೆಂಬರು ಆ ರಾಗಕ್ಕೆ ಯಾರಿಂದಲೋ ಪದ ಹಾಕಿಸಿ, ಓಟ ಹೆಚ್ಚಿಸಿ, ಧ್ವನಿವರ್ಧಕದಲ್ಲಿ ಬಿಟ್ಟರು. ಪದದ ಮೊದಲ ಮಾತೇ 'ಎದ್ದೇಳಿ'. ಮಗು ಮಲಗಿಸಲು ಕಟ್ಟಿದ ರಾಗ, ಪಾಪ!

ಮೆಂಬರು ಗೆದ್ದರು. ಗೆದ್ದ ಗಾಡಿ ಅದೇ ಹಾಡು ಹಾಕಿಕೊಂಡು ಕೆಳಗಿನ ಬೀದಿಗೆ ನುಗ್ಗಿತು. ಆ ಬೀದಿಯವರು ಸೋತ ಕಡೆಯವರು. ಕಲ್ಲು ಹಾರಿದವು. ಮೊದಲ ಕಲ್ಲು ಯಾರದೆಂಬುದಕ್ಕೆ ಎರಡೂ ಬೀದಿಗಳಲ್ಲಿ ಕಣ್ಣಾರೆ ಕಂಡ ಸಾಕ್ಷಿಗಳಿದ್ದಾರೆ. ಅವರೆಲ್ಲ ಆ ಹೊತ್ತಿನಲ್ಲಿ ಬಾಗಿಲು ಹಾಕಿಕೊಂಡು ಒಳಗಿದ್ದವರು. ಕೆಳಗಿನ ಬೀದಿಯ ತಿರುವಿನಲ್ಲೇ ಕನ್ನಡಿ ಅಂಗಡಿ. ಬೇರೆ ಅಂಗಡಿಗೆ ಬಿದ್ದ ಕಲ್ಲು ಗೋಡೆಗೆ ತಾಗಿ ಸುಮ್ಮನಾಗಬಹುದು, ಅಲ್ಲಿ ಹಾಗಾಗುವಂತಿಲ್ಲ.

ಅಂದಿನಿಂದ ಆ ರಾಗ ದೊಡ್ಡಪ್ಪನ ಕೈತಪ್ಪಿತು. "ಮೇಷ್ಟ್ರೇ, ಇನ್ನು ಅದನ್ನ ಹೆಣದ ಮುಂದೆ ಊದಬೇಡಿ, ಪಕ್ಷಕ್ಕೆ ಶೋಭೆ ಅಲ್ಲ," ಎಂದರು ಮೆಂಬರು. "ಅದನ್ನ ಊದೋದಾದ್ರೆ ನಮ್ಮ ಬೀದಿಗೆ ಕಾಲಿಡಬೇಡಿ," ಎಂದಿತು ಕೆಳಗಿನ ಬೀದಿ. ದೊಡ್ಡಪ್ಪ ಇಬ್ಬರಿಗೂ ಹೂಂ ಎಂದರು. ಮನೆಯಲ್ಲಿ ಗುನುಗುವುದನ್ನೂ ಬಿಟ್ಟರು. ಆಮೇಲೆ ನಮ್ಮ ಬ್ಯಾಂಡಿನ ಹೆಜ್ಜೆ ಕೂಡಿದ್ದೇ ಇಲ್ಲ. ತುತ್ತೂರಿಯವನು ಎಡಗಾಲು, ತಾಳದವನು ಬಲಗಾಲು, ನಾನಂತೂ ಎರಡೂ ಕಾಲು.

ಇಷ್ಟಾದ ಮೇಲೆ ನಮ್ಮ ಗುಬ್ಬಿ ಪ್ರೀತಿಸಿದ್ದು ಯಾರನ್ನು? ಅದೇ ಕನ್ನಡಿ ಅಂಗಡಿಯ ಹುಡುಗನನ್ನು! ಬ್ಯಾಂಡಿನ ಹಳೆಯ ಫೋಟೋಗೆ ಗಾಜು ಹಾಕಿಸಲು ಹೋಗಿದ್ದಳು. ಒಂದು ಗಾಜಿಗೆ ಯಾರೂ ಅಷ್ಟು ಸಲ ಹೋಗಿಬರುವುದಿಲ್ಲ ಎಂಬ ಅನುಮಾನ ದೊಡ್ಡಮ್ಮನಿಗೆ ಬಂತು. ನನಗೆ ಬರಲಿಲ್ಲ. ಅವಳನ್ನು ಪ್ರತಿ ಸಲ ಸೈಕಲ್ಲಿನಲ್ಲಿ ಕರೆದೊಯ್ದವನೇ ನಾನು.

ಹುಡುಗನ ಮನೆಯವರು ಮಾತಿಗೆ ಬಂದರು: ಕನ್ನಡಿ ಅಂಗಡಿಯ ಯಜಮಾನರು, ಜೊತೆಗೆ ಅವರ ವಯಸ್ಸಾದ ತಾಯಿ. ಯಜಮಾನರು ಕಾಫಿ ಲೋಟ ಕೆಳಗಿಟ್ಟು, ಗೋಡೆಯ ಮೇಲಿದ್ದ ಕೋಟುಗಳನ್ನೇ ನೋಡುತ್ತ ಹೇಳಿದರು: "ಹುಡುಗಿ ಬಗ್ಗೆ ಎರಡು ಮಾತಿಲ್ಲ ಬೀಗರೇ. ಮದುವೆಗೆ ನಿಮ್ಮ ಬ್ಯಾಂಡೇ ಆಗ್ಲಿ. ಆದ್ರೆ ಆ ಹಾಡು ಮಾತ್ರ ಬೇಡ. ಅದು ಕೇಳಿದ್ರೆ ಇವತ್ತಿಗೂ ನನ್ನ ಕಿವಿಗೆ ಗಾಜು ಒಡೆಯೋ ಸದ್ದೇ ಬರೋದು. ಅದೊಂದು ಊದಿದ್ರೆ ನಾನು ಮಂಟಪದಿಂದ ಎದ್ದು ಹೋಗ್ತೀನಿ. ಮುಂಚೆನೇ ಹೇಳಿದ್ದೀನಿ, ಆಮೇಲೆ ತಪ್ಪು ತಿಳೀಬೇಡಿ."

ದೊಡ್ಡಪ್ಪ ಬಾಯಿಂದ ರೀಡು ತೆಗೆದು ಅಂಗೈಯಲ್ಲಿಟ್ಟುಕೊಂಡರು. ಅವರು ಪೂರ್ತಿ ಬಾಯಲ್ಲಿ ಮಾತಾಡಿದ್ದನ್ನು ನಾನು ಕೇಳಿದ್ದು ಅಂದೇ.

"ಮಾತು ಕೊಟ್ಟೆ. ಊದಲ್ಲ."

ಅವರು ಹೋದ ಮೇಲೆ ಗುಬ್ಬಿ ಮುಖ ಊದಿಸಿಕೊಂಡು ಬಂದಳು. "ಅಪ್ಪಾ, ಅದು ನನ್ನ ಹಾಡಲ್ವಾ? ನನ್ನ ಒಂದು ಮಾತು ಕೇಳದೇ ಕೊಟ್ಟುಬಿಟ್ಯಾ?"

"ನಿಂದೇ ಕಣಮ್ಮಾ. ಅದಕ್ಕೇ ನಿನ್ನ ಮದುವೆಗೆ ಖರ್ಚು ಮಾಡಿದೆ."

ಗುಬ್ಬಿ ಜಗಳಕ್ಕೆಂದು ಬಂದವಳು, ಅಪ್ಪನ ಪಕ್ಕ ಕೂತು ಹಿತ್ತಾಳೆ ಉಜ್ಜತೊಡಗಿದಳು.

ಮದುವೆಯ ಬೆಳಗ್ಗೆ ದೊಡ್ಡಪ್ಪ ನನ್ನನ್ನು ಮೂಲೆಗೆ ಕರೆದರು. ಹುಡುಗಿ ಬಾಗಿಲಿಂದ ವೇದಿಕೆಯವರೆಗೆ ನಡೆದು ಬರುವಾಗ ಊದಲು ಯಾವುದೋ ಹೊಸ ರಾಗ ಕಲಿಸಿದ್ದರು. "ಲೋ, ನಿನ್ನ ಕೈ ನನಗೆ ಗೊತ್ತು. ನಾನು ಊದಿದ ಮೇಲೇ ನೀನು. ತಿಳೀತಾ?"

"ತಿಳೀತು ದೊಡ್ಡಪ್ಪ."

ತಿಳಿದದ್ದು ತಲೆಗೆ. ಬಾಗಿಲಲ್ಲಿ ಗುಬ್ಬಿ ಕಾಣಿಸಿಕೊಂಡಳು. ಫೋಟೋದವನು ಆತುರಗೆಟ್ಟು ನನ್ನ ಕಡೆ ಕೈ ಬೀಸಿ "ಹೂಂ, ಹೂಂ, ಹೊಡೀರಿ!" ಎಂದ. ಕೈಗೆ ಬಂದದ್ದು ಅದಕ್ಕೆ ಗೊತ್ತಿದ್ದ ಒಂದೇ ಪೆಟ್ಟು, ಕಾಲು ಕೂಡಿಸುವ ರಾಗದ್ದು. ಧುಂ... ಧುಂ ಧುಂ. ಧುಂ... ಧುಂ ಧುಂ.

ರಾಗವಿಲ್ಲ, ಬರೀ ಪೆಟ್ಟು. ಆದರೆ ಮಂಟಪದಲ್ಲಿ ಕೂತಿದ್ದ ಎರಡೂ ಬೀದಿಗಳಿಗೆ ಅಷ್ಟೇ ಸಾಕಾಯಿತು. ಕೆಳಗಿನ ಬೀದಿಯ ಸಾಲುಗಳಲ್ಲಿ ಕುರ್ಚಿಗಳು ಕಿರುಗುಟ್ಟಿದವು. ಕನ್ನಡಿ ಅಂಗಡಿಯ ಯಜಮಾನರು ಎದ್ದು ನಿಂತರು. ದೊಡ್ಡಪ್ಪ ನನ್ನತ್ತ ತಿರುಗಿದರು: ಕ್ಲಾರಿನೆಟ್ ತುಟಿಯಲ್ಲಿದೆ, ಕೆನ್ನೆಗಳು ತುಂಬಿ ನಿಂತಿವೆ, ಒಂದು ಉಸಿರೂ ಹೊರಬರುತ್ತಿಲ್ಲ. ಕೊಟ್ಟ ಮಾತನ್ನು ಆ ಕೆನ್ನೆಗಳಲ್ಲಿ ಹಿಡಿದಿಟ್ಟಿದ್ದರು. ನಿಲ್ಲಿಸಬೇಕಾದವನು ನಾನು. ನನಗೋ, ಹೇಳಿದೆನಲ್ಲ, ನಿಲ್ಲಿಸಲು ಬರುವುದಿಲ್ಲ. ಹೆದರಿಕೆಗೆ ಕೈ ನಿಧಾನವಾಯಿತೇ ಹೊರತು ನಿಲ್ಲಲಿಲ್ಲ. ಧುಂ... ಧುಂ... ಧುಂ.

ನಿಧಾನವಾದದ್ದೇ ತಡ, ಯಜಮಾನರ ತಾಯಿ ಮುಂದಿನ ಸಾಲಿನಿಂದ ತಲೆ ಎತ್ತಿದರು.

"ಲೋ ಮಗಾ, ಇದು ನಿಮ್ಮಪ್ಪನ್ನ ಕಳಿಸಿದ ರಾಗ ಅಲ್ವೇನೋ?"

"ಅಲ್ಲಮ್ಮ. ಇದು ಆ ಗಾಡಿ ಹಾಡು."

"ಯಾವ ಗಾಡಿನೋ ಏನೋ, ನಂಗೆ ಗೊತ್ತಿಲ್ಲ. ನಮ್ಮನೆ ಬಾಗಿಲಿಂದ ಕೊನೇ ತನಕ ಈ ಮೇಷ್ಟ್ರೇ ಊದ್ಕೊಂಡು ಬಂದಿದ್ದು. ನೀನು ಮುಂದೆ ನಡೀತಿದ್ದೆ. ಅಳ್ತಾ ಇದ್ದೆ, ಹೆಜ್ಜೆ ಮಾತ್ರ ಸರಿಯಾಗಿ ಹಾಕ್ತಿದ್ದೆ."

ಯಜಮಾನರು ಕುರ್ಚಿಯ ಬೆನ್ನು ಹಿಡಿದು ನಿಂತೇ ಇದ್ದರು. ಬಾಗಿಲಲ್ಲಿ ಗುಬ್ಬಿ ಒಂದು ಕಾಲು ಮುಂದಿಟ್ಟು ಹಾಗೇ ನಿಂತಿದ್ದಳು. ನನ್ನ ಕೈ ಇನ್ನೂ ಬಾರಿಸುತ್ತಲೇ ಇತ್ತು.

"ಬೀಗರೇ," ಎಂದರು ಯಜಮಾನರು ಕೊನೆಗೆ. "ಅವತ್ತು ಅಪ್ಪನಿಗೆ ಊದಿದ್ರಲ್ಲ, ಆ ಥರ ಬರುತ್ತಾ ಈಗಲೂ?"

ದೊಡ್ಡಪ್ಪ ತಲೆಯಾಡಿಸಿದರು. ಬಾಯಿ ತುಂಬಿತ್ತು.

"ಹಾಗಾದ್ರೆ ಹಾಗೇ ಊದಿ. ಅದಕ್ಕಿಂತ ಒಂದು ಚೂರೂ ಜೋರು ಬೇಡ."

ಕೂತರು. ವೇದಿಕೆಯ ಕಡೆಗಲ್ಲ, ಗೋಡೆಯ ಕಡೆಗೆ ಮುಖ ಮಾಡಿ. ತುತ್ತೂರಿ ಸ್ವಲ್ಪ ಏರಿದಾಗ ಒಮ್ಮೆ ಕಣ್ಣು ಬಿಗಿಯಾಗಿ ಮುಚ್ಚಿದ್ದನ್ನು ನಾನು ನೋಡಿದೆ. ಗಾಜು ಕೇಳಿಸಿರಬೇಕು. ಎದ್ದು ಮಾತ್ರ ಹೋಗಲಿಲ್ಲ.

ಹೀಗೆ ನನ್ನ ತಂಗಿ ಹೆಣದ ನಡಿಗೆಯಲ್ಲಿ ಮದುವೆಗೆ ನಡೆದು ಬಂದಳು. ಆ ಓಟಕ್ಕೆ ಬಾಗಿಲಿಂದ ವೇದಿಕೆ ಬಹಳ ದೂರ. ಹುಡುಗ ನಿಂತು ನಿಂತು ಕಾಲು ಬದಲಿಸಿದ. ಅಡುಗೆಯವರು ಬಂದು ಇಣುಕಿ ಹೋದರು. ದೊಡ್ಡಮ್ಮ ಒಂದು ಕೈಯಲ್ಲಿ ಕಣ್ಣೊರೆಸಿಕೊಳ್ಳುತ್ತ, ಇನ್ನೊಂದು ಕೈಯಲ್ಲಿ ನನ್ನ ಕಡೆ ಬೆರಳಾಡಿಸುತ್ತ "ಇದೆ ನಿನಗೆ" ಎಂದು ಸನ್ನೆ ಮಾಡುತ್ತಿದ್ದರು. ಮತ್ತು ಎಷ್ಟೋ ಕಾಲದ ಮೇಲೆ ನಮ್ಮ ಬ್ಯಾಂಡಿನವರ ಎಡಗಾಲುಗಳೆಲ್ಲ ಒಟ್ಟಿಗೆ ಎದ್ದು ಒಟ್ಟಿಗೆ ಇಳಿದವು. ನನ್ನದೂ.

ಊಟದ ಸಾಲಿನಲ್ಲಿ ಮೆಂಬರು ದೊಡ್ಡಪ್ಪನ ಹೆಗಲ ಮೇಲೆ ಕೈ ಹಾಕಿದರು. ಅವರು ಮೊದಲ ಪೆಟ್ಟಿನ ಹೊತ್ತಿಗೆ ಹೊರಗೆ ಫೋನಿನಲ್ಲಿದ್ದರು. ಬಂದು ಕೂತಾಗ ರಾಗ ಅರ್ಧ ಮುಗಿದಿತ್ತು. ಕೊನೆಯಲ್ಲಿ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ಹೊಡೆದವರೂ ಅವರೇ.

"ಹೊಸ ರಾಗ ಭಾಳ ಚೆನ್ನಾಗಿದೆ ಮೇಷ್ಟ್ರೇ. ಹಳೇದು ಜನಕ್ಕೆ ಸಾಕಾಗಿದೆ. ಮುಂದಿನ ಚುನಾವಣೆಗೆ ಇದನ್ನ ಕೊಡ್ತೀರಾ?"

ಪಕ್ಕದಲ್ಲೇ ಸಾರು ಬಡಿಸುತ್ತಿದ್ದ ಕನ್ನಡಿ ಅಂಗಡಿಯ ಯಜಮಾನರ ಕೈ ಗಾಳಿಯಲ್ಲಿ ನಿಂತಿತು. ದೊಡ್ಡಪ್ಪ ರೀಡನ್ನು ಬಾಯಿಯ ಈ ಮೂಲೆಯಿಂದ ಆ ಮೂಲೆಗೆ ದಾಟಿಸಿದರು.

"ಬೇಡ ಸ್ವಾಮಿ. ಇದನ್ನ ಕೇಳಿದ್ರೆ ನಿಮ್ಮೋರೆಲ್ಲ ಮಲಗಿಬಿಡ್ತಾರೆ."

ಬೀಗರು ನಕ್ಕರು. ಮೊದಲು ಮೂಗಿನಲ್ಲಿ, ಆಮೇಲೆ ಸೌಟು ಅಲುಗಾಡುವಷ್ಟು. ದೊಡ್ಡಪ್ಪನ ಎಲೆಗೆ ಇನ್ನೊಂದು ಸೌಟು ಬಡಿಸಿದರು. ಅರ್ಧ ಎಲೆಗೆ ಬಿತ್ತು, ಅರ್ಧ ಮೆಂಬರ ಅಂಗಿಗೆ.