ಸೂಜಿಯಕ್ಕನ ತೊಲೆಯ ಮೇಲೆ ಅಂಬರಗುಬ್ಬಿಯ ಸಂಸಾರ

ಬೆಳಗಿನ ಆರಕ್ಕೆ ಇನ್ನೂ ಹತ್ತು ನಿಮಿಷವಿದೆ. ಗ್ರಂಥಾಲಯದ ಹಿಂಬಾಗಿಲಿನ ಬೀಗ ತೆಗೆದು ಒಳಗೆ ಬಂದ ಹೆಂಗಸು ದೀಪ ಹಾಕುವುದಿಲ್ಲ. ಚಪ್ಪಲಿಯನ್ನು ಮೂಲೆಗೆ ಬಿಟ್ಟು, ಮಬ್ಬುಗತ್ತಲಲ್ಲೇ ಪುಸ್ತಕ ರಿಪೇರಿ ಕೋಣೆಗೆ ನಡೆಯುತ್ತಾರೆ. ಗೋಡೆಗೆ ಒರಗಿಸಿದ ಉದ್ದನೆಯ ಕೋಲು ತೆಗೆದುಕೊಂಡು, ಸೂರಿಗೆ ತಾಗಿದಂತಿರುವ ಸಣ್ಣ ಕಿಟಕಿಯನ್ನು ಮೆಲ್ಲಗೆ ಹೊರಕ್ಕೆ ತಳ್ಳುತ್ತಾರೆ. ತೊಲೆಯ ಮೇಲೆ ರಟ್ಟಿನ ಒಂದು ಪೆಟ್ಟಿಗೆ ಇದೆ. ಅದರ ಅಂಚಿಗೆಲ್ಲ ಮಣ್ಣಿನ ಉಂಡೆಗಳನ್ನು ಮೆತ್ತಲಾಗಿದೆ. ಅಲ್ಲಿಂದ ನೀಲಿಗಪ್ಪಿನ ಹಕ್ಕಿಯೊಂದು ಕವಲುಬಾಲ ಬಿಚ್ಚಿ ಹೊರಗೆ ಹಾರುತ್ತದೆ. ಅದರ ಬೆನ್ನಿಗೇ ಇನ್ನೊಂದು.

"ದೀಪ ಹಾಕಿದ್ರೆ ಗಾಬರಿ ಬೀಳ್ತವೆ. ಅವುಗಳ ಮನೆಗೆ ನಾವು ಹೋದ ಹಾಗೆ ಹೋಗ್ಬೇಕು," ಎನ್ನುತ್ತಾ ಅವರು ಮೇಜಿನ ಮೇಲಿನ ಬಟ್ಟೆ ಸರಿಸುತ್ತಾರೆ. ಬಟ್ಟೆಯಡಿಯಲ್ಲಿ ಬೆನ್ನು ಕಿತ್ತುಹೋದ ಆರು ಪುಸ್ತಕಗಳು ಕಾಯುತ್ತಿವೆ.

ಗ್ರಂಥಾಲಯದಲ್ಲಿ ಇವರನ್ನು ಹೆಸರು ಹಿಡಿದು ಕರೆಯುವವರೇ ಇಲ್ಲ. ಎಲ್ಲರಿಗೂ ಸೂಜಿಯಕ್ಕ. ಐವತ್ತೈದರ ವಯಸ್ಸು, ಮೂಗಿನ ತುದಿಗೆ ಜಾರುವ ಕನ್ನಡಕ, ಸೂಜಿ ಒತ್ತಿ ಒತ್ತಿ ಚಕ್ಕಳದಂತಾದ ಬಲಗೈ ಹೆಬ್ಬೆರಳು. ದಿನಕ್ಕೆ ಆರು ಪುಸ್ತಕ ಹೊಲಿಯುತ್ತಾರೆ. ಮುನ್ನೂರು ಪುಟದ ಒಂದು ಪುಸ್ತಕದ ಹಳೆಯ ದಾರ ಬಿಚ್ಚಿ, ಹರಿದ ಹಾಳೆಗಳಿಗೆ ತೆಳುಕಾಗದ ಹಚ್ಚಿ, ಕಂತೆ ಕಂತೆಯಾಗಿ ಮತ್ತೆ ಹೊಲಿದು, ರಟ್ಟು ಕಟ್ಟುವುದಕ್ಕೆ ಒಂದೂವರೆ ಗಂಟೆ. ಅಂಟು ಒಣಗುವುದಕ್ಕೆ ಒಂದು ರಾತ್ರಿ. ಮೂವತ್ತೊಂದು ವರ್ಷದಿಂದ ಇದೇ ಕೆಲಸ.

ಸೂಜಿಯಕ್ಕ ಏಳನೇ ತರಗತಿಯಲ್ಲಿದ್ದಾಗ ಅಮ್ಮ ತೀರಿಕೊಂಡರು. ಇಬ್ಬರು ತಮ್ಮಂದಿರ ಊಟ, ಬಟ್ಟೆ, ಸ್ನಾನ ಎಲ್ಲ ಮಗಳ ತಲೆಗೆ ಬಿತ್ತು. ಶಾಲೆ ಅಲ್ಲಿಗೆ ನಿಂತಿತು. ಅಪ್ಪ ಇದೇ ಕೋಣೆಯಲ್ಲಿ ಬೈಂಡರ್. ಮಧ್ಯಾಹ್ನ ಅಪ್ಪನಿಗೆ ಡಬ್ಬಿ ತಂದುಕೊಡುತ್ತಿದ್ದ ಮಗಳು ಕಾಯುವ ಹೊತ್ತಿಗೆ ದಾರ ಪೋಣಿಸಿಕೊಟ್ಟಳು, ಆಮೇಲೆ ಕಂತೆ ಜೋಡಿಸಿದಳು, ಇಪ್ಪತ್ತನಾಲ್ಕಕ್ಕೆ ಅಪ್ಪನ ಪಕ್ಕದಲ್ಲೇ ಕೂತಳು. ಹನ್ನೊಂದು ವರ್ಷ ದಿನಗೂಲಿ. ಕೆಲಸ ಕಾಯಂ ಆಗುವ ಹೊತ್ತಿಗೆ ಅಪ್ಪನ ಕಣ್ಣು ಮಂಜಾಗತೊಡಗಿತ್ತು. ಈಗ ಅವರಿಗೆ ಎಪ್ಪತ್ತೊಂಬತ್ತು, ಕಣ್ಣು ಸ್ವಲ್ಪವೂ ಕಾಣುವುದಿಲ್ಲ. ಪುಸ್ತಕವನ್ನು ಕೈಗೆ ಕೊಟ್ಟರೆ ಬೆನ್ನು ಸವರಿ, ಹೊಲಿಗೆ ಎಲ್ಲಿ ಸಡಿಲವಾಗಿದೆ ಎಂದು ಈಗಲೂ ಹೇಳುತ್ತಾರೆ. "ಹೊಗಳೋದು ಮಾತ್ರ ಅವರ ಜಾಯಮಾನಕ್ಕೆ ಬಂದಿಲ್ಲ," ಎಂದು ಮಗಳು ನಗುತ್ತಾರೆ.

ಹಕ್ಕಿಗಳಿಗೆ ಜಾಗ ಕೊಟ್ಟವರೂ ಅಪ್ಪನೇ. ಇಪ್ಪತ್ತೆರಡು ವರ್ಷದ ಹಿಂದೆ ಆ ಸಣ್ಣ ಕಿಟಕಿಯ ಗಾಜು ಒಡೆಯಿತು. ಹೊಸ ಗಾಜು ಬರುವಷ್ಟರಲ್ಲಿ ಅಂಬರಗುಬ್ಬಿಯ ಜೋಡಿಯೊಂದು ಒಳಹೊಕ್ಕು ತೊಲೆಗೆ ಮಣ್ಣು ಮೆತ್ತಲು ಶುರುಮಾಡಿತ್ತು. ಮರಿಗಳು ಹಾರಿಹೋಗುವ ತನಕ ಅಪ್ಪ ಗಾಜು ಹಾಕಗೊಡಲಿಲ್ಲ. ಅಂದಿನಿಂದ ಬೇಸಿಗೆ ಹತ್ತಿರವಾದ ಕೂಡಲೇ ಬೆಳಿಗ್ಗೆ ಕಿಟಕಿ ತೆಗೆಯುವುದು, ಕತ್ತಲಾದ ಮೇಲೆ ಮುಚ್ಚುವುದು ಈ ಕೋಣೆಯ ವಾಡಿಕೆ. ಸಂಜೆ ಮನೆಯ ಹೊಸ್ತಿಲು ದಾಟುತ್ತಿದ್ದ ಹಾಗೇ ಅಪ್ಪನ ಮೊದಲ ಪ್ರಶ್ನೆ, "ಬಂದ್ವಾ?" ಊಟದ ಮಾತು ಆಮೇಲೆ.

ಬಿಟ್ಟುಹೋದ ಓದನ್ನು ಸೂಜಿಯಕ್ಕ ಮುಂದುವರಿಸಿದ್ದು ಇಲ್ಲೇ. "ಹೊಲಿಯೋಕ್ ಮುಂಚೆ ಪುಟ ಸರಿಯಾಗಿದೆಯಾ ನೋಡ್ಬೇಕಲ್ಲ. ನೋಡ್ತಾ ನೋಡ್ತಾ ಓದಿಬಿಡ್ತೀನಿ. ಅದಕ್ಕೇ ನಂಗೆ ಬರೀ ಹರಿದ ಪುಸ್ತಕಗಳೇ ಗೊತ್ತು, ಗಟ್ಟಿಯಾಗಿರೋದು ಒಂದೂ ಗೊತ್ತಿಲ್ಲ." ಮಕ್ಕಳ ಪುಸ್ತಕಗಳಲ್ಲಿ ಮೊದಲು ಹರಿಯುವುದು ಹಕ್ಕಿಯ ಚಿತ್ರವಿರುವ ಪುಟ ಎನ್ನುವುದು ಅವರ ಅನುಭವ. ಕತೆಗಳಲ್ಲಿ ಕಾಯಿಲೆ ಬಿದ್ದವರು ಕಿಟಕಿಯಾಚೆ ಅಂಬರಗುಬ್ಬಿಯನ್ನು ಕಂಡ ಮೇಲೆ ಚೇತರಿಸಿಕೊಳ್ಳುತ್ತಾರಂತೆ. ಪದ್ಯಗಳಲ್ಲಿ ಅದು ಬಂದರೆ ಬೇಸಿಗೆಯೂ ಬರುತ್ತದೆ, ದೂರ ಹೋದವನೂ ಬರುತ್ತಾನೆ. ಪ್ರಾಣಿಪಕ್ಷಿಗಳ ಬಗೆಗಿನ ಹಳೇ ಸಂಪುಟವೊಂದರಲ್ಲಿ, ಚಳಿಗಾಲವಿಡೀ ಈ ಹಕ್ಕಿಗಳು ಕೆರೆಯ ಕೆಸರಿನಡಿ ಮಲಗಿರುತ್ತವೆ ಎಂದು ಬರೆದಿತ್ತು. ಸೂಜಿಯಕ್ಕ ಆ ಪುಟವನ್ನೂ ಅಷ್ಟೇ ಅಕ್ಕರೆಯಿಂದ ಹೊಲಿದರು.

"ತಪ್ಪು ಬರ್ದಿದ್ರೂ ಪುಟ ಪುಟಾನೇ. ಪಾಪ, ಎಲ್ಲಿಗೆ ಹೋಗ್ತವೆ ಅಂತ ಯೋಚ್ನೆ ಮಾಡಿದಾರಲ್ಲ. ಆದ್ರೆ ಇಷ್ಟು ಪದ್ಯ ಓದಿದೀನಿ, ಒಬ್ರೂ ಹಿಕ್ಕೆ ವಿಷಯ ಎತ್ತಿಲ್ಲ ನೋಡಿ."

ಹೋದ ಬೇಸಿಗೆಯಲ್ಲಿ ಎದ್ದದ್ದು ಅದೇ ಹಿಕ್ಕೆಯ ವಿಷಯ. ರಿಪೇರಿಗೆ ಬಂದಿದ್ದ ಭೂಪಟಗಳ ಸಂಪುಟವನ್ನು ಸೂಜಿಯಕ್ಕ ಮುಚ್ಚದೆ ಊಟಕ್ಕೆ ಹೋಗಿದ್ದರು. ಬಂದು ನೋಡಿದರೆ ಸಮುದ್ರದ ನಟ್ಟನಡುವೆ ಹೊಸದೊಂದು ದ್ವೀಪ. ಒರೆಸಿದರೂ ಕಲೆ ಹೋಗಲಿಲ್ಲ. ಗ್ರಂಥಪಾಲಕರಿಗೆ ಸಿಟ್ಟು ಬಂತು. ಕಟ್ಟಡಕ್ಕೆ ಸುಣ್ಣಬಣ್ಣ ಆಗುತ್ತಿದ್ದ ಹೊತ್ತು ಅದು. ತೊಲೆ ಕೆರೆದು ಚೊಕ್ಕಟ ಮಾಡಿ, ಕಿಟಕಿಯನ್ನು ಕಾಯಂ ಆಗಿ ಮುಚ್ಚಿಸಿ ಎಂದುಬಿಟ್ಟರು. ಗೂಡಿನಲ್ಲಿ ಆಗಷ್ಟೇ ಮೊಟ್ಟೆಯೊಡೆದ ನಾಲ್ಕು ಮರಿಗಳಿದ್ದವು.

ಸೂಜಿಯಕ್ಕ ಅವರ ಕೋಣೆಗೆ ಹೋಗಿ ನಿಂತರು. "ತಪ್ಪು ನಂದು ಸರ್. ಮುಚ್ಚಿಡ್ಬೇಕಿತ್ತು, ಮರೆತೆ. ಅವಕ್ಕೆ ಇಪ್ಪತ್ತು ದಿನ ಕೊಡಿ, ಹಾರಿ ಹೋಗ್ತವೆ."

"ಇಪ್ಪತ್ತೇ ದಿನ ಅಂತ ನಿಮಗೆ ಹೇಗೆ ಗೊತ್ತಮ್ಮ?"

ಅವರು ಚೂರುಪಾರು ಕಾಗದದಲ್ಲಿ ತಾವೇ ಹೊಲಿದುಕೊಂಡ ಪುಸ್ತಕವೊಂದನ್ನು ಮುಂದಿಟ್ಟರು. ಇಪ್ಪತ್ತೊಂದು ಬೇಸಿಗೆಗಳ ದಾಖಲೆ. ಬಂದ ದಿನ, ಮೊಟ್ಟೆ ಒಡೆದ ದಿನ, ಮರಿ ಹಾರಿದ ದಿನ. ಒಂದು ಗಂಟೆಯಲ್ಲಿ ತಾಯಿತಂದೆ ಮೂವತ್ತೊಂದು ಸಲ ಹುಳ ತಂದದ್ದು ಕೂಡ ಅದರಲ್ಲಿತ್ತು. ಗ್ರಂಥಪಾಲಕರು ಹಾಳೆ ಮಗುಚಿದರು. ಎದ್ದು ಹೋಗಿ ಕಪಾಟಿನಿಂದ ಹಕ್ಕಿಗಳ ಪುಸ್ತಕ ತಂದು ಪಕ್ಕದಲ್ಲಿಟ್ಟು ನೋಡಿದರು. "ಇದರಲ್ಲೂ ಹೆಚ್ಚುಕಡಿಮೆ ಅಷ್ಟೇ ಇದೆ," ಎಂದರು. ಇಪ್ಪತ್ತು ದಿನ ಸಿಕ್ಕಿತು.

ಐದನೇ ದಿನ ಮಧ್ಯಾಹ್ನ, ಗೋಡೆಯ ಆಚೆ ಬಣ್ಣದವರು ಹಳೆಯ ಗಾರೆ ಕೆಡವುತ್ತಿದ್ದಾಗ ತೊಲೆ ಅದುರಿತು. ಒಣಗಿದ್ದ ಗೂಡು ಮೇಜಿನ ಮೇಲೆ ಬಿದ್ದು ಚೂರಾಯಿತು. ಎರಡು ಮರಿಗಳು ಅಲ್ಲೇ ಸತ್ತವು. ಉಳಿದೆರಡು ಕಣ್ಣು ಮುಚ್ಚಿಕೊಂಡು ಬಾಯಿ ಮಾತ್ರ ತೆರೆಯುತ್ತಿದ್ದವು.

"ಅಳು ಬಂತು. ಆದ್ರೆ ಅಳ್ತಾ ಕೂತ್ರೆ ಇವೂ ಹೋಗ್ತವೆ," ಎಂದು ಅವರು ಆ ದಿನವನ್ನು ನೆನೆಯುತ್ತಾರೆ. ಪುಸ್ತಕಕ್ಕೆಂದು ಕತ್ತರಿಸಿಟ್ಟಿದ್ದ ರಟ್ಟು ತೆಗೆದು ಅಂಗೈಯಗಲದ ಪೆಟ್ಟಿಗೆ ಮಾಡಿದರು. ಒಳಗೆ ಬಿದ್ದ ಗೂಡಿನದೇ ಹುಲ್ಲು, ಗರಿ ಹಾಸಿ ಮರಿಗಳನ್ನಿಟ್ಟರು. ಗಾರೆ ಕೆಡವುತ್ತಿದ್ದ ಬಣ್ಣದವನೇ ಓಡಿಬಂದು ಏಣಿ ಹತ್ತಿದ. ಮೊಳೆ ಹೊಡೆದರೆ ಮತ್ತೆ ಅದುರೀತೆಂದು ಪೆಟ್ಟಿಗೆಯನ್ನು ತೊಲೆಗೆ ದಾರದಿಂದ ಬಿಗಿದು ಕಟ್ಟಿದ. ಇಳಿದವನು ತಲೆ ತಗ್ಗಿಸಿಕೊಂಡು, "ಬೇಕಂತ ಮಾಡಿದ್ದಲ್ಲಮ್ಮ," ಅಂದ. "ಗೊತ್ತಪ್ಪಾ," ಅಂದರು ಸೂಜಿಯಕ್ಕ.

ಕೆಲಸ ನಿಂತಿತು. ಬಾಗಿಲ ಸಂದಿಯಲ್ಲಿ ಅವರಿಬ್ಬರೂ, ಸುದ್ದಿ ತಿಳಿದು ಬಂದ ಗ್ರಂಥಪಾಲಕರೂ ಕಾದರು. ದೊಡ್ಡ ಹಕ್ಕಿಗಳು ಒಳಗೆ ಬಂದು ಗೂಡಿದ್ದ ಜಾಗದಲ್ಲಿ ಸುತ್ತು ಹೊಡೆದು, ಕೂಗಿ, ಹೊರಗೆ ಹೋದವು. ಮತ್ತೆ ಬಂದವು, ಮತ್ತೆ ಹೋದವು. ಮರಿಗಳ ದನಿ ಕ್ಷೀಣಿಸುತ್ತಾ ಬಂತು. ಎರಡು ಗಂಟೆ ಹೀಗೇ ಕಳೆಯಿತು. ನಾಲ್ಕಕ್ಕೆ ಹತ್ತು ನಿಮಿಷವಿರುವಾಗ ಹೆಣ್ಣುಹಕ್ಕಿ ರಟ್ಟಿನ ಅಂಚಿಗೆ ಕಾಲೂರಿ, ತಲೆ ಓರೆ ಮಾಡಿ ನೋಡಿ, ಬಾಯಲ್ಲಿದ್ದ ಹುಳವನ್ನು ಒಳಗಿಟ್ಟಿತು. ಗ್ರಂಥಪಾಲಕರು ಕನ್ನಡಕ ತೆಗೆದು ಬಹಳ ಹೊತ್ತು ಒರೆಸಿದರು.

ಅಂದು ಸಂಜೆ ಅಪ್ಪ ಎಲ್ಲವನ್ನೂ ಕೇಳಿಸಿಕೊಂಡರು. "ಪೆಟ್ಟಿಗೆಗೆ ಅಂಟು ಹಾಕಿದ್ಯಾ?"

"ಇಲ್ಲಪ್ಪ, ಅವಕ್ಕೆ ವಾಸನೆ ಆಗಲ್ಲ ಅಂತ ಹೊಲಿದೆ."

"ಹ್ಞೂಂ." ಆಮೇಲೆ, "ಇನ್ನೆರಡು?"

"ಅಂಗಳದ ಮರದ ಬುಡದಲ್ಲಿ. ಬಣ್ಣದ ಕಾಗದದಲ್ಲಿ ಸುತ್ತಿಟ್ಟೆ."

ಅಪ್ಪ ಮಗಳ ಕೈ ಹುಡುಕಿ ಹಿಡಿದುಕೊಂಡರು. "ಒಳ್ಳೇ ಕೆಲಸ ಮಾಡ್ದೆ," ಅಂದರು. ಮೂವತ್ತು ವರ್ಷದಲ್ಲಿ ಆ ಮಾತು ಅದೇ ಮೊದಲು.

ಇಪ್ಪತ್ತೊಂದನೇ ದಿನ ಎರಡೂ ಮರಿಗಳು ಹಾರಿದವು. ಗ್ರಂಥಪಾಲಕರು ಕಿಟಕಿ ಮುಚ್ಚಿಸಲಿಲ್ಲ. ತೊಲೆಯಡಿಗೆ ಒಂದು ಹಲಗೆ ಹಾಕಿಸಿದರು, ಹಿಕ್ಕೆಗೆ. ಈ ಸಲ ಬಂದ ಜೋಡಿ ಹೊಸ ಗೂಡು ಕಟ್ಟುವ ಗೋಜಿಗೆ ಹೋಗದೆ, ರಟ್ಟಿನ ಪೆಟ್ಟಿಗೆಗೇ ಮಣ್ಣು ಮೆತ್ತಿ ತನ್ನದಾಗಿಸಿಕೊಂಡಿದೆ. ಒಳಗೆ ಐದು ಮರಿಗಳು.

ಇನ್ನೈದು ವರ್ಷಕ್ಕೆ ಸೂಜಿಯಕ್ಕನಿಗೆ ನಿವೃತ್ತಿ. ಏನಾದರೂ ಆಸೆ ಉಳಿದಿದೆಯೇ ಎಂದರೆ ಸೂಜಿಗೆ ದಾರ ಪೋಣಿಸುತ್ತಾ ಯೋಚಿಸುತ್ತಾರೆ. "ಇಷ್ಟು ವರ್ಷದಲ್ಲಿ, ಬೇಸಿಗೆ ಮುಗಿದ ಮೇಲೆ ಅವು ದೂರದೂರಿಗೆ ಹೊರಡೋದನ್ನ ನಾನು ಒಂದ್ಸಲಾನೂ ನೋಡಿಲ್ಲ. ತಲೆ ಬಗ್ಗಿಸ್ಕೊಂಡು ಹೊಲೀತಿರ್ತೀನಿ, ತಲೆ ಎತ್ತಿದ್ರೆ ಹೊರಗಡೆ ಕರೆಂಟ್ ತಂತಿ ಮೇಲೆ ಒಂದೂ ಇರಲ್ಲ. ಎಲ್ಲಾ ಸೇರ್ಕೊಂಡು ಎದ್ದು ಹೋಗ್ತವಲ್ಲ, ಅದನ್ನ ಮೆಟ್ಟಿಲ ಮೇಲೆ ಕೂತು ನೋಡ್ಬೇಕು. ರಜೆ ಕೇಳ್ದೆ. ಸಾಹೇಬ್ರು ಖುಷಿಯಾಗಿ ಒಪ್ಕೊಂಡ್ರು, ಯಾವ ತಾರೀಕು ಅಂತ ಬರ್ಕೊಡಿ ಅಂದ್ರು." ದಾರದ ತುದಿಗೆ ಗಂಟು ಹಾಕಿ, ಹಲ್ಲಿನಿಂದ ಕಚ್ಚಿ ತುಂಡರಿಸುತ್ತಾರೆ. "ತಾರೀಕಿನ ಜಾಗ ಖಾಲಿ ಬಿಟ್ಟು ಸಹಿ ಹಾಕಿ ಕೊಟ್ಟಿದೀನಿ."