ಆಯುಧಪೂಜೆಯಲ್ಲಿ ನಾನು ಸತ್ತದ್ದು

ಮಗಳು ಕೂಸನ್ನೆತ್ತಿಕೊಂಡು ಆಸ್ಪತ್ರೆಯಿಂದ ಮನೆಗೆ ಬಂದಳು. ಹೆಣ್ಣು ಕೂಸು! ನಾನಂತೂ ಹಿಗ್ಗಿ ಹೀರೇಕಾಯಿ. ಆರತಿಗೆಂದು ತಟ್ಟೆಯಲ್ಲಿ ಅರಿಶಿನ, ಸುಣ್ಣ ಕದಡಿದೆ. ನೀರು ಕೆಂಪಾಗಿ, ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಪೀಣ್ಯದ ಫ್ಯಾಕ್ಟರಿಯ ನಮ್ಮ ಸೂಪರ್‌ವೈಸರ್ ನೆನಪಾದರು. ಇದೇ ನೀರನ್ನು ಅವರು ನನ್ನ ಕೈಗೆ ರಕ್ತವೆಂದು ಸುರಿದಿದ್ದರು…

ನಾನು ಪ್ರೆಸ್ ಮೆಷಿನ್ನಿನಲ್ಲಿ ತಗಡು ಒತ್ತುತ್ತಿದ್ದೆ. ಎರಡು ಕೈಯಲ್ಲಿ ಎರಡು ಬಟನ್ ಒತ್ತಿದರೆ ಮಾತ್ರ ಅದು ಇಳಿಯುವುದು. ಬೆರಳು ಒಳಗೆ ಸಿಗಬಾರದಲ್ಲ. ನಾವೆಲ್ಲ ಬೇಗ ಆಗಲೆಂದು ಒಂದು ಬಟನ್ನಿಗೆ ಐಸ್‌ಕ್ರೀಮ್ ಕಡ್ಡಿ ಸಿಕ್ಕಿಸಿ, ಒಂದೇ ಕೈಯಲ್ಲಿ ನಡೆಸುತ್ತಿದ್ದೆವು. ಕಡ್ಡಿ ಕಿತ್ತು ಕಿತ್ತು ಸಾಕಾಗಿ ಸೂಪರ್‌ವೈಸರ್ ಮದುವೆ ವಿಡಿಯೋದವನನ್ನು ಕರೆತಂದು, ನನ್ನನ್ನೇ ನಾಯಕಿ ಮಾಡಿ ಒಂದು ಸಿನಿಮಾ ತೆಗೆದರು. ಹಿಂದೆ ಟೆಂಟಿನಲ್ಲಿ ಆಟಕ್ಕೆ ಮೊದಲು ಸರ್ಕಾರದವರು ತೋರಿಸುತ್ತಿದ್ದ ಬುದ್ಧಿವಾದದ ಚಿತ್ರದ ಹಾಗೆಯೇ, ಗಡಸು ದನಿಯಲ್ಲಿ ಅವರೇ ಮಾತಾಡಿದರು: “ಪ್ರಿಯ ಕಾರ್ಮಿಕ ಬಂಧುಗಳೇ! ಈ ಅಕ್ಕ ಕಡ್ಡಿ ಸಿಕ್ಕಿಸಿದರು. ಬೆರಳು ಹೋಯಿತು. ಆದ್ದರಿಂದ ಸತ್ತರು.”

“ಬೆರಳು ಹೋದ್ರೆ ಯಾರಾದ್ರೂ ಸಾಯ್ತಾರಾ ಸಾರ್?” ಎಂದು ಕೇಳಿದೆ.

“ಸಿನಿಮಾ ಕಣಕ್ಕಾ, ಸಾಯ್ಲೇಬೇಕು,” ಎಂದರು.

ಸತ್ತ ಮೇಲೂ ನನ್ನ ಶಿಫ್ಟ್ ಮುಗಿಯಲಿಲ್ಲ. ಕೊರಳಲ್ಲಿ ಚೆಂಡುಹೂವಿನ ಹಾರ ಹಾಕಿಕೊಂಡೇ ಕಾರ್ಡ್ ಪಂಚ್ ಮಾಡಿ, ಕ್ಯಾಂಟೀನಿನಲ್ಲಿ ತಟ್ಟೆ ಒಡ್ಡಿದೆ. ಅಡುಗೆಯವನು, “ಸತ್ತೋರಿಗೆಲ್ಲ ಇಲ್ಲಿ ಊಟ ಇಲ್ಲ ಕಣಕ್ಕ, ತಿಥಿ ದಿನ ಬಾ,” ಎಂದ.

ಆಯುಧಪೂಜೆಗೆ ಎಲ್ಲರ ಮನೆಯವರನ್ನೂ ಕರೆಸಿ, ಕುಂಬಳಕಾಯಿ ಒಡೆದ ಮೇಲೆ ಆ ಸಿನಿಮಾ ತೋರಿಸಿದರು. ಜನ ಬಿದ್ದು ಬಿದ್ದು ನಕ್ಕರು. ನಮ್ಮತ್ತೆ ಮಾತ್ರ, “ಅಯ್ಯೋ, ನನ್ ಸೊಸೆ ಓದ್ಲಲ್ಲಪ್ಪೋ!” ಎಂದು ಎದೆ ಬಡಿದುಕೊಂಡರು. ಪಕ್ಕದಲ್ಲೇ ಕಡ್ಲೆಪುರಿ ತಿನ್ನುತ್ತಿದ್ದ ನಾನು, “ಇಲ್ಲೇ ಇದೀನಲ್ಲ ಅತ್ತೆ,” ಎಂದೆ.

“ನೀ ಸುಮ್ಕಿರು, ನೋಡಾಕ್ ಬಿಡು!” ಎಂದು ನನಗೇ ಗದರಿದರು.

ಆಮೇಲೆ ಯಾರ ಕೈ ಕಡ್ಡಿಗೆ ಹೋದರೂ ಹಿಂದಿನಿಂದ ಕೂಗು ಬೀಳುತ್ತಿತ್ತು: “ತಿಥಿ ದಿನ ಬಾ!” ಒಂದು ದಿನ ನನಗೂ ಹಾಗೇ ಕೂಗಿದರು, ನಗುತ್ತಾ ಕಡ್ಡಿ ಬಿಸಾಕಿದೆ. ಸ್ವಲ್ಪ ಹೊತ್ತಿಗೆ ತಗಡು ಸಿಕ್ಕಿಕೊಂಡಿತು. ಬಿಡಿಸಲೆಂದು ಬಲಗೈ ಒಳಗೆ ಹಾಕಿದ್ದೆ, ಎಡಗೈ ಬಟನ್ನಿಗೆ ತಾಗಿಬಿಟ್ಟಿತು. ಮೆಷಿನ್ ಅಲುಗಲಿಲ್ಲ. ಕಡ್ಡಿ ಇದ್ದಿದ್ದರೆ…

ಸೂಪರ್‌ವೈಸರ್ ತೀರಿಕೊಂಡು ವರ್ಷವಾಯಿತಂತೆ. ನನಗೆ ಯಾರೂ ಹೇಳಲಿಲ್ಲ, ಮುಖ ನೋಡಲೂ ಆಗಲಿಲ್ಲ. ಬಾಗಲಗುಂಟೆಯ ಈ ಮನೆಗೆ ಅವರನ್ನು ಕರೆದು ಕೂಸನ್ನು ತೋರಿಸಬೇಕಿತ್ತು. ಅದು ಈಗ ನನ್ನ ಬಲಗೈ ತೋರುಬೆರಳನ್ನು ಬಿಗಿಯಾಗಿ ಹಿಡಿದು ಮಲಗಿದೆ. ಬಿಡಿಸಿಕೊಳ್ಳಲು ಮನಸ್ಸಿಲ್ಲ, ಒಲೆಯ ಮೇಲಿನ ಹಾಲು ಉಕ್ಕಿದರೆ ಉಕ್ಕಲಿ.