ಆರಾವಮುದನ ಮೂಗು

ನನ್ನ ಅಣ್ಣನ ಮಗ ಆರಾವಮುದನ್ ಒಂದು ದಿನ ಉಪ್ಪಿಲ್ಲದ ಸಾರನ್ನು ತುಟಿಪಿಟಿಕ್ಕೆನ್ನದೆ ಉಂಡು ಕೈತೊಳೆದು ಹೋದ. ಅವನ ಹೆಂಡತಿ ಕೋಮಳಾ ಎಂಜಲು ತಟ್ಟೆಯನ್ನು ಅಲ್ಲೇ ಬಿಟ್ಟು, ಸೆರಗು ಎತ್ತಿ ಸಿಕ್ಕಿಸಿಕೊಂಡು, ಹಿತ್ತಲಿನಿಂದ ನಮ್ಮ ಮನೆಗೆ ಓಡಿ ಬಂದಳು.

"ಅತ್ತೆ, ಇವರು ಬೈಲಿಲ್ಲ!"

"ಬೈದ್ರೂ ಅಳ್ತೀಯ, ಬೈದೇ ಇದ್ರೂ ಅಳ್ತೀಯ. ಏನೇ ನಿನ್ ಗೋಳು?"

"ಸಾರಿಗೆ ಉಪ್ಪು ಹಾಕೋದೇ ಮರ್ತಿದ್ದೆ. ಎರಡ್ ಸಲ ಬಡಿಸ್ಕೊಂಡ್ರು ಅತ್ತೆ. ಏನೋ ಆಗಿದೆ ಇವರಿಗೆ."

ಅವಳ ಗಾಬರಿ ಸುಳ್ಳಲ್ಲ. ಆರಾನನ್ನು ನೀವು ಊಟಕ್ಕೆ ಕೂತಾಗ ನೋಡಬೇಕಿತ್ತು. ಹೊರಗೆ ಹಸುವಿನಂಥವನು, ತಟ್ಟೆ ಮುಂದೆ ಕೂತರೆ ಹುಲಿ. ಮದುವೆಯಾದಂದಿನಿಂದ ಒಂದು ಹೊತ್ತೂ ಅವಳ ಅಡುಗೆಯನ್ನು ಸರಿ ಎಂದವನಲ್ಲ. ಮೆಂತ್ಯ ಒಂದು ಕಾಳು ಕರಿದರೆ ನಡುಮನೆಯಿಂದಲೇ ಕೂಗುತ್ತಿದ್ದ. ಇದು ನನ್ನ ಅಮ್ಮನಿಂದ ಬಂದ ಮೂಗು. ಅಮ್ಮ ಬೀದಿಯಲ್ಲಿ ನಡೆಯುತ್ತಲೇ ಯಾರ ಮನೆಯಲ್ಲಿ ಹಳೆಯ ಬೇಳೆ ಬೇಯುತ್ತಿದೆ ಎಂದು ಹೇಳಿ ಜಗಳ ತರುತ್ತಿದ್ದಳು. ಅವಳ ಮೂಗು ಅಣ್ಣನಿಗೆ ಬಂತು, ಅಣ್ಣನಿಂದ ಇವನಿಗೆ ಬಂತು. ನನಗೆ ಬಂದದ್ದು ಅವಳ ಮಂಡಿನೋವು. ಕುಂಭಕೋಣದ ಪೆರುಮಾಳಿನ, ಅಂದರೆ ವಿಷ್ಣುವಿನ, ಹೆಸರೇ ಇವನಿಗೆ ಇಟ್ಟದ್ದು. ಆರಾವಮುದನ್ ಎಂದರೆ ಎಷ್ಟು ಉಂಡರೂ ಸಾಕೆನಿಸದ ಅಮೃತ. ಕೂಸಾಗಿದ್ದಾಗ, ಬೇವು ಮೇಯ್ದ ಹಸುವಿನ ಹಾಲನ್ನು ಮೂತಿ ತಿರುಗಿಸಿ ಉಗಿದಿದ್ದ. ಬೇವು ತಿಂದದ್ದು ಹಸುವಿಗೆ ಮಾತ್ರ ಗೊತ್ತಿತ್ತು, ಆಮೇಲೆ ಇವನಿಗೆ.

ಅಂಥವನಿಗೆ ಕೊರೊನಾ ಬಂತು. ನಮ್ಮ ಬೀದಿಯಲ್ಲಿ ಎಲ್ಲರಿಗೂ ಬಂತು, ನನಗೂ ಬಂತು. ನನಗೆ ಒಂದು ವಾರ ಕಾಫಿ ಬಿಸಿನೀರಾಗಿತ್ತು, ಆಮೇಲೆ ಸರಿಹೋಯಿತು. ಇವನಿಗೆ ಜ್ವರ ಬಿಟ್ಟಿತು, ಕೆಮ್ಮು ಬಿಟ್ಟಿತು, ಹೋದ ವಾಸನೆ, ರುಚಿ ಮಾತ್ರ ಹಿಂದಕ್ಕೆ ಬರಲಿಲ್ಲ. ಅದನ್ನು ಯಾರಿಗೂ ಹೇಳದೆ ಹೊಟ್ಟೆಯಲ್ಲಿ ಇಟ್ಟುಕೊಂಡಿದ್ದ. ಆ ಉಪ್ಪಿಲ್ಲದ ಸಾರಿನ ದಿನ ಕೋಮಳಾ ಹಿಂಗಿನ ಡಬ್ಬಿಯನ್ನೇ ತೆರೆದು ಅವನ ಮೂಗಿನ ಕೆಳಗೆ ಹಿಡಿದಳು. ಅವನು ಗೋಡೆ ನೋಡುತ್ತಾ ಕೂತಿದ್ದ.

"ಏನಾದ್ರೂ ಬರ್ತಿದ್ಯಾ?"

"ಡಬ್ಬಿ ತಣ್ಣಗಿದೆ," ಎಂದ.

ಪೇಟೆಯ ಡಾಕ್ಟರು, ಹೋದ ವಾಸನೆ ಬಂದರೂ ಬರಬಹುದು, ಬರದೆಯೂ ಇರಬಹುದು ಎಂದು ಹೇಳಿ ಕಳಿಸಿದರು. ಅಷ್ಟು ಹೇಳಲು ನಾನೇ ಸಾಕಾಗಿತ್ತು.

ಬೇರೆ ಯಾರಿಗಾದರೂ ಆಗಿದ್ದರೆ ಊಟ ರುಚಿಸುತ್ತಿಲ್ಲ ಎಂದು ನಾಲ್ಕು ಜನರ ಹತ್ತಿರ ಹೇಳಿಕೊಂಡು ಸುಮ್ಮನಾಗುತ್ತಿದ್ದರು. ಇವನು ನಮ್ಮೂರ ಪೆರುಮಾಳಿಗೆ ಅಡುಗೆ ಮಾಡುವವನು. ಕೋವಿಲಿನ ಅಡುಗೆಮನೆ, ಮಡಪ್ಪಳ್ಳಿ, ಎರಡು ಮನೆತನಕ್ಕೆ ಸೇರಿದ್ದು. ಒಂದು ನಮ್ಮದು. ಇನ್ನೊಂದು ನಮ್ಮ ದಾಯಾದಿ ಕಸ್ತೂರಿರಂಗನದು. ತಿಂಗಳು ಹಂಚಿಕೊಂಡು ಸರದಿ ಮಾಡುತ್ತಾರೆ. ಮಾರ್ಗಳಿ ತಿಂಗಳು, ನೀವು ಧನುರ್ಮಾಸ ಎನ್ನುವುದು, ನಮ್ಮ ಸರದಿ. ಇಡೀ ಊರು ಬೆಳಗಿನ ಜಾವ ಚಳಿಯಲ್ಲಿ ಬಂದು ಪೊಂಗಲಿಗೆ ಕೈಯೊಡ್ಡುವ ತಿಂಗಳು ಅದು. ಅದರಲ್ಲೂ ತಿಂಗಳ ಇಪ್ಪತ್ತೇಳನೆಯ ದಿನ, ಕೂಡಾರೈಯಂದು, ಅಕ್ಕಾರವಡಿಸಲ್ ಆಗಬೇಕು. ಅಕ್ಕಿ, ಬೆಲ್ಲ, ಹಂಡೆಗಟ್ಟಲೆ ಹಾಲು, ಅದು ಮುಳುಗುವಷ್ಟು ತುಪ್ಪ. ಅದನ್ನು ಚೆನ್ನಾಗಿ ಮಾಡಿದವನ ಹೆಸರು ವರ್ಷವೆಲ್ಲ ಬೀದಿಯಲ್ಲಿ ಓಡಾಡುತ್ತದೆ. ಆ ಮಾರ್ಗಳಿಯ ಮೇಲೆ ಕಸ್ತೂರಿಯ ಅಪ್ಪನಿಗೂ ಕಣ್ಣಿತ್ತು, ತಾತನಿಗೂ ಇತ್ತು.

ನಿಯಮ ಏನು ಗೊತ್ತೇ? ಪೆರುಮಾಳಿಗೆ ನೈವೇದ್ಯ ಆಗುವ ತನಕ ಅದನ್ನು ಯಾರೂ ರುಚಿ ನೋಡಬಾರದು. ರುಚಿ ಇರಲಿ, ಮೂಸಲೂ ಬಾರದು. ಮೊದಲ ವಾಸನೆ ಅವನದು. ಯಾರಾದರೂ ಮೂಸಿದರೆ ಅದು ಎಂಜಲು. ಅದಕ್ಕೇ ಅಡುಗೆಯವನು ಮೂಗುಬಾಯಿ ಸೇರಿಸಿ ಬಟ್ಟೆ ಕಟ್ಟಿಕೊಳ್ಳುತ್ತಾನೆ. ಕಟ್ಟಿಕೊಂಡ ಮಾತ್ರಕ್ಕೆ ಮೂಗು ಸಾಯುತ್ತದೆಯೇ? ಬೆಲ್ಲದ ಪಾಕ ಹದಕ್ಕೆ ಬಂದದ್ದು, ಹಾಲು ತಳ ಹಿಡಿಯಲು ಹೊರಟದ್ದು, ಬಟ್ಟೆಯೊಳಗಿಂದಲೇ ತಾನಾಗಿ ತಿಳಿಯುತ್ತದೆ. ತಲೆತಲಾಂತರದಿಂದ ಎಲ್ಲರೂ ಹಾಗೇ ಮಾಡಿದ್ದು. ಎಲ್ಲರಿಗೂ ಗೊತ್ತು, ಒಬ್ಬರೂ ಬಾಯಿಬಿಟ್ಟು ಹೇಳುವುದಿಲ್ಲ.

ಈಗ ಇವನಿಗೆ ಆ ಕಳ್ಳದಾರಿಯೂ ಮುಚ್ಚಿತ್ತು. ಇದು ಕಸ್ತೂರಿಯ ಕಿವಿಗೆ ಬಿದ್ದರೆ ಮಾರ್ಗಳಿ ಕೈಬಿಟ್ಟಿತೆಂದೇ ಲೆಕ್ಕ. ಸೌಟು ಕಿತ್ತುಕೊಂಡರೆ ಆರಾನಲ್ಲಿ ಉಳಿಯುವುದು ಬರೀ ಕೋಪ.

"ಬೈರಿ," ಎಂದಳು ಕೋಮಳಾ.

"ಯಾರನ್ನ?"

"ನನ್ನನ್ನ. ದಿನಾ ಬೈತಿದ್ರಲ್ಲ, ಹಾಗೇ. ಪಕ್ಕದ ಗೋಡೆ ಆಚೆ ಕಸ್ತೂರಿ ಕೂತಿರ್ತಾನೆ. ನಮ್ಮನೇಲಿ ಊಟದ ಹೊತ್ತಲ್ಲಿ ಸದ್ದಿಲ್ಲ ಅಂದ್ರೆ ಅವನಿಗೆ ಗೊತ್ತಾಗ್ದೇ ಇರುತ್ತಾ?"

ಹೀಗೆ ನನ್ನ ಅಣ್ಣನ ಮಗ ರುಚಿ ತಿಳಿಯದೆ ಅಂದಾಜಿನಲ್ಲಿ ಬೈಯತೊಡಗಿದ. ಉಪ್ಪು ಹದವಾಗಿದ್ದ ದಿನ "ಸಮುದ್ರನೇ ಸುರಿದಿದ್ಯಾ?" ಎನ್ನುತ್ತಿದ್ದ. ಮೊದಮೊದಲು ಅವಳಿಗೆ ನಾಟಕ. ಆಮೇಲೆ ನಿಜವಾಗಿಯೇ ಉರಿಯತೊಡಗಿತು. ಮೊದಲು ಬೈದಾಗ ಹತ್ತರಲ್ಲಿ ಐದಾದರೂ ಸರಿಯಿರುತ್ತಿತ್ತು, ಈಗ ಒಂದೂ ಇಲ್ಲ. ಅವಳೂ ತಿರುಗಿ ಕೂಗುತ್ತಿದ್ದಳು. ಬೀದಿಯವರೆಲ್ಲ ಆರಾ ಹುಷಾರಾದ ಎಂದು ಸಂತೋಷಪಟ್ಟರು.

ಕೆಟ್ಟದ್ದು ಒಂದು ಮಧ್ಯಾಹ್ನ. ಕೋಮಳಾ ಬೂದುಗುಂಬಳದ ಮಜ್ಜಿಗೆ ಹುಳಿ ಮಾಡಿದ್ದಳು. ಇವನು ಯಾವುದೋ ಯೋಚನೆಯಲ್ಲಿ ತುತ್ತು ಬಾಯಿಗಿಟ್ಟು, "ಇಷ್ಟು ಹುಣಸೆ ಹಿಂಡಿದ್ರೆ ಮನುಷ್ಯ ತಿಂತಾನೇನೇ?" ಎಂದು ಕೂಗಿದ. ಮಜ್ಜಿಗೆ ಹುಳಿಗೆ ಹುಣಸೆ! ನಾನು ಹಿತ್ತಲಲ್ಲಿ ಬಟ್ಟೆ ಹಿಂಡುತ್ತಿದ್ದವಳು ಹಾಗೇ ನಿಂತುಬಿಟ್ಟೆ. ಗೋಡೆಯ ಆಚೆಗೆ ತೆಂಗಿನಕಾಯಿ ಮಜ್ಜಿಗೆ ಕುದಿಯುವ ಘಮ ಆಗಲೇ ಹೋಗಿ ಕೂತಿತ್ತು.

ಸಂಜೆ ಕಸ್ತೂರಿ ಜಗುಲಿಗೆ ಬಂದ. ಅವನಿಗೆ ವಿಷ ಏರಿದಷ್ಟೂ ಮಾತು ತಗ್ಗುತ್ತದೆ. ನಮ್ಮವರು ಹಿರಿಯರ ಮುಂದೆ ‘ನಾನು’ ಎನ್ನದೆ ‘ಅಡಿಯೇನ್’, ಅಂದರೆ ನಿಮ್ಮ ಅಡಿಯಾಳು, ಎನ್ನುತ್ತಾರಲ್ಲ, ಇವನು ಕಚ್ಚುವ ಮುಂಚೆ ಅದನ್ನು ಎಲ್ಲರಿಗೂ ಹೇಳುತ್ತಾನೆ.

"ಏನು ಆರಾ, ನಿಮ್ಮನೇಲಿ ಮಜ್ಜಿಗೆ ಹುಳಿಗೂ ಹುಣಸೆ ಹಿಂಡ್ತಾರಾ? ಅಡಿಯೇನ್ಗೆ ಗೊತ್ತಿರ್ಲಿಲ್ಲ."

"ನಮ್ಮನೇಲಿ ಏನು ಹಿಂಡಿದ್ರೆ ನಿನಗೇನೋ? ಗೋಡೆಗೆ ಕಿವಿ ಅಂಟಿಸ್ಕೊಂಡು ಕೂತಿರ್ತೀಯಾ?"

"ಕಿವಿ ಅಲ್ಲಪ್ಪ, ಮೂಗು. ಅಡಿಯೇನ್ ಮೂಗು ಇನ್ನೂ ಜಾಗದಲ್ಲೇ ಇದೆ."

"ಇದ್ರೆ ಒರೆಸ್ಕೋ ಹೋಗು, ಸೋರ್ತಿದೆ," ಎಂದೆ ನಾನು. ಅವನು ನಗುತ್ತಲೇ ಹೋದ. ಆ ನಗು ನನಗೆ ಹಿಡಿಸಲಿಲ್ಲ.

ಮಾರ್ಗಳಿ ಬಂತು. ಆರಾ ಕಣ್ಣಿನಿಂದ, ಕಿವಿಯಿಂದ ಅಡುಗೆ ಮಾಡಿದ. ಅಕ್ಕಿ ಬೆಂದಾಗ ಕುದಿಯ ಸದ್ದು ದಪ್ಪವಾಗುತ್ತದಂತೆ. ಬೆಲ್ಲದ ಪಾಕವನ್ನು ನೀರಿಗೆ ಬಿಟ್ಟು ಉಂಡೆ ಕಟ್ಟಿ ನೋಡುತ್ತಿದ್ದ. ಸೌಟಿಗೆ ತಳ ಅಂಟುವ ಮುಂಚೆಯೇ ಅವನ ಮಣಿಕಟ್ಟಿಗೆ ತಿಳಿಯುತ್ತಿತ್ತು. ಪೊಂಗಲ್ ತಿಂದವರು ಯಾರೂ ಏನೂ ಅನ್ನಲಿಲ್ಲ. ಅವನು ಮಾತ್ರ ಇಳಿದುಹೋದ. ಊಟ ಸೇರದವನ ಮೈ ಎಷ್ಟು ದಿನ ತಡೆಯುತ್ತದೆ? ಏನು ತಿಂದರೂ ಬಾಯಲ್ಲಿ ಒದ್ದೆ ಬಟ್ಟೆ ಅಗಿದಂತೆ ಎನ್ನುತ್ತಿದ್ದ. ನಾನು ನಿಂಬೆ ಉಪ್ಪಿನಕಾಯಿ ಕೊಟ್ಟೆ, ಕೋಮಳಾ ಹಸಿಮೆಣಸು ಕಚ್ಚಿಸಿದಳು. ಉರಿ ಗೊತ್ತಾಯಿತು, ಮೆಣಸು ಗೊತ್ತಾಗಲಿಲ್ಲ.

ಕೂಡಾರೈ ಬೆಳಗು. ನಾವು ಹೆಂಗಸರೆಲ್ಲ ಒಳ ಅಂಗಳದಲ್ಲಿ ಹೊದ್ದುಕೊಂಡು ನಿಂತಿದ್ದೆವು. ಕೋವಿಲಿನ ಆಡಳಿತ ನೋಡುವ ಧರ್ಮಕರ್ತ ಮುದಲಿಯಾರ್ ಶಾಲು ಹೊದ್ದು ಕಂಬಕ್ಕೆ ಒರಗಿದ್ದರು. ಭಟ್ಟರು ಗಂಟೆ ಹಿಡಿದು ಗರ್ಭಗುಡಿಯ ಬಾಗಿಲಲ್ಲಿ ಕಾಯುತ್ತಿದ್ದರು. ಆರಾ ಮುಖಕ್ಕೆ ಬಟ್ಟೆ ಕಟ್ಟಿ, ಮುಚ್ಚಳ ಹಾಕಿ ಮೇಲೆ ಒದ್ದೆ ಬಟ್ಟೆ ಬಿಗಿದ ಹಂಡೆಯನ್ನು ಭುಜದ ಮೇಲೆ ಹೊತ್ತು ಮಡಪ್ಪಳ್ಳಿಯಿಂದ ಹೊರಬಂದ. ಕಸ್ತೂರಿ ದಾರಿಯ ಮಧ್ಯೆ ಬಂದು ಎರಡೂ ಕೈ ಚಾಚಿದ.

"ನಿಲ್ಸಿ ಸ್ವಾಮಿ! ಅದು ದೀಪದ ತುಪ್ಪ! ಹಳಸಿ ನಾರ್ತಿದೆ. ಪೆರುಮಾಳಿಗೆ ತೋರಿಸ್ಬೇಡಿ!"

ಭಟ್ಟರು ಎತ್ತಿದ್ದ ಗಂಟೆ ಅಲ್ಲೇ ನಿಂತಿತು.

"ಇವನಿಗೆ ಮೂಗಿಲ್ಲ ಸ್ವಾಮಿ. ನಾಲಿಗೇನೂ ಇಲ್ಲ. ಜ್ವರ ಬಂದಾಗಿಂದ ಊರನ್ನೆಲ್ಲ ಮೋಸ ಮಾಡ್ತಿದ್ದಾನೆ. ಬೇಕಾದ್ರೆ ಕರ್ಪೂರ ಹಿಡಿದು ನೋಡಿ. ಇಂಥೋನ ಕೈಲಿ ಪೆರುಮಾಳು ಉಣ್ಬೇಕಾ?"

"ನಿಜವೇನಯ್ಯಾ ಆರಾವಮುದನ್?" ಎಂದರು ಧರ್ಮಕರ್ತರು.

ಆರಾ ಹಂಡೆ ಇಳಿಸಿದ. ಮುಖದ ಬಟ್ಟೆ ಬಿಚ್ಚಿದ. ಎಷ್ಟು ಬಡವಾಗಿದ್ದಾನೆ ಎಂದು ಊರಿಗೆ ಆಗ ಕಂಡಿತು.

"ನಿಜ," ಎಂದ. "ನನಗೆ ಗೊತ್ತಾಗಲ್ಲ. ಏನೂ ಗೊತ್ತಾಗಲ್ಲ."

ಕಸ್ತೂರಿ ಧರ್ಮಕರ್ತರ ಕಡೆ ತಿರುಗಿ ಕೈಮುಗಿದ, ತಿಂಗಳನ್ನು ಆಗಲೇ ಬೊಗಸೆಯಲ್ಲಿ ಹಿಡಿದವನ ಹಾಗೆ. ಆರಾ ಅವನ ಬೆನ್ನನ್ನೇ ನೋಡುತ್ತಾ ಕೇಳಿದ, "ನಿನಗೆ ಗೊತ್ತಾಯ್ತಾ ಕಸ್ತೂರಿ? ಮೂಸಿದ್ಯಾ?"

"ಮೂಸ್ದೆ! ಮೂಗಿರೋನು ಮೂಸ್ದೇ ಇರ್ತಾನಾ?"

ಆ ಮಾತು ಬಾಯಿಂದ ಬಿದ್ದದ್ದೇ ತಡ, ಭಟ್ಟರು ಗಂಟೆಯನ್ನು ನೆಲಕ್ಕಿಟ್ಟರು.

"ಪೆರುಮಾಳಿಗೆ ಇನ್ನೂ ತೋರಿಸಿಲ್ಲ," ಎಂದರು ನಿಧಾನವಾಗಿ. "ಅಷ್ಟರಲ್ಲಿ ನೀನು ಮೂಸಿಬಿಟ್ಯಾ?"

ಕಸ್ತೂರಿಯ ಮುಖ ಬೂದಿಯಾಯಿತು. "ಇಲ್ಲ ಸ್ವಾಮಿ, ಅಡಿಯೇನ್ ಮೂಸ್ಲಿಲ್ಲ... ಅದಾಗೇ ಬಂತು..."

"ಅದಾಗೇ ಬಂತಾ?" ಕೋಮಳಾ ಹೆಂಗಸರ ಸಾಲಿನಿಂದ ಮುಂದೆ ಬಂದಳು. ಗಂಡನ ಸುಳ್ಳು ಬೈಗುಳಗಳಿಗೆಲ್ಲ ಕೂಡಿಟ್ಟಿದ್ದ ಸಿಟ್ಟು ಅವಳ ಗಂಟಲಲ್ಲಿತ್ತು. "ಮುಚ್ಚಳ ಹಾಕಿದೆ, ಒದ್ದೆ ಬಟ್ಟೆ ಬಿಗಿದಿದೆ. ನಮ್ಮತ್ತೆ ಇಲ್ಲೇ ಪಕ್ಕದಲ್ಲಿದ್ದಾರೆ, ಅವರಿಗೆ ಬರ್ಲಿಲ್ಲ. ಸ್ವಾಮಿಗೆ ಬರ್ಲಿಲ್ಲ. ನಿಮಗೊಬ್ರಿಗೇ ಬಂತಾ? ಆಯ್ತು, ಹಳಸಿದ್ದು ಅಂತ ಮೂಗು ಹೇಳ್ತು. ದೀಪದ ತುಪ್ಪ ಅಂತ ಯಾರು ಹೇಳಿದ್ರು? ಈ ಚಳೀಲಿ ತುಪ್ಪ ಕಲ್ಲಾಗಿರುತ್ತೆ, ಕೈ ಹಾಕಿ ಬಗೀದೇ ಒಂದು ತಪ್ಪಲೆಯಿಂದ ಇನ್ನೊಂದಕ್ಕೆ ಹೋಗಲ್ಲ. ಎಲ್ಲಿ, ಕೈ ತೋರ್ಸಿ!"

ಕಸ್ತೂರಿ ತನಗೇ ತಿಳಿಯದೆ ಬಲಗೈಯನ್ನು ಅಂಗವಸ್ತ್ರದೊಳಗೆ ಎಳೆದುಕೊಂಡ. ಇಡೀ ಊರು ನೋಡಿತು.

ಮೂಸಿದ್ದೇನೆ ಎಂದ ಮೇಲೆ ಅದು ಹೇಗೂ ಎಂಜಲೇ. ಭಟ್ಟರು ಮುಚ್ಚಳ ತೆಗೆಸಿದರು. ಅಯ್ಯೋ, ಕಾರ್ತಿಕದ ದೀಪಗಳಿಗೆ ತಂದು ಉಳಿದ ತುಪ್ಪ ಅದು. ಕಂಬಕ್ಕೆ ಒರಗಿದ್ದ ಧರ್ಮಕರ್ತರು ಶಾಲನ್ನು ಮೂಗಿಗೆ ಎಳೆದುಕೊಂಡರು. ಆರಾ ಮಾತ್ರ ಹಂಡೆಯ ಮೇಲೆ ಬಗ್ಗಿ ಒಳಗೆ ನೋಡುತ್ತಾ ನಿಂತಿದ್ದ, ಬಾವಿಯಲ್ಲಿ ಏನನ್ನೋ ಬೀಳಿಸಿಕೊಂಡವನ ಹಾಗೆ. ಆ ಗಳಿಗೆಯಲ್ಲಿ ನನಗೆ ಕಸ್ತೂರಿಯ ಕುತ್ತಿಗೆ ಹಿಸುಕಬೇಕೆನಿಸಿತು. ಈಗಲೂ ಅನಿಸುತ್ತದೆ.

"ಅವನ ವಿಷಯ ಆಮೇಲೆ," ಎಂದರು ಧರ್ಮಕರ್ತರು. "ಆದ್ರೂ ಭಟ್ಟರೇ, ಮೂಗಿಲ್ಲದೋನ ಕೈಲಿ ಅಡುಗೆ ಹ್ಯಾಗೆ ಮಾಡ್ಸೋದು? ಇವತ್ತು ತುಪ್ಪ, ನಾಳೆ ಇನ್ನೊಂದು."

"ಮೂಸಬಾರ್ದು ಅಂತ ತಾನೆ ಬಟ್ಟೆ ಕಟ್ಸೋದು ನಾವು? ನಿಯಮ ಹೇಳೋ ಹಂಗೇ ಇರೋನು ಇವನೊಬ್ಬನೇ ಸಿಕ್ಕಿದ್ದಾನೆ. ಇವನನ್ನೇ ಬಿಡಿಸಿದ್ರೆ, ಮಿಕ್ಕೋರೆಲ್ಲ ಇಷ್ಟು ದಿನ ಏನು ಮಾಡ್ತಿದ್ರು ಅಂತ ಪೆರುಮಾಳಿಗೆ ಯಾರು ಹೇಳ್ತೀರಿ?"

ಯಾರೂ ಹೇಳಲಿಲ್ಲ. ಕಸ್ತೂರಿಯಂತೂ ಮೊದಲೇ ಹೇಳಿಬಿಟ್ಟಿದ್ದ.

"ಒಲೆ ಮತ್ತೆ ಹಚ್ಚು ಆರಾ. ತುಪ್ಪ ಮಾತ್ರ ನಾನು ನೋಡಿ ಕೊಡ್ತೀನಿ."

ಯಾವುದರಿಂದ ನೋಡುತ್ತೀರಿ ಎಂದು ಭಟ್ಟರನ್ನು ಯಾರೂ ಕೇಳಲಿಲ್ಲ.

ಹಂಡೆಯನ್ನು ಕಲ್ಯಾಣಿಗೆ ಸುರಿಸಿದರು, ಮೀನುಗಳು ಕೂಡ ಹತ್ತಿರ ಸುಳಿಯಲಿಲ್ಲ. ಕಸ್ತೂರಿಯ ಮುಂದಿನ ಸರದಿ, ಸಂಕ್ರಾಂತಿಯಿಂದ ಶುರುವಾಗುವ ತೈ ತಿಂಗಳು, ನಮ್ಮ ಮನೆಗೇ ಬಂತು. ಅವನ ಹೆಂಡತಿ ಬಂದು ಆರಾನ ಮುಂದೆ ಕಣ್ಣೀರು ಹಾಕಿ, ನೀನು ಒಂದು ಮಾತು ಹೇಳಿದರೆ ಧರ್ಮಕರ್ತರು ಬಿಟ್ಟುಬಿಡುತ್ತಾರೆ ಎಂದಳು. ಆರಾ ಒಂದು ಮಾತೂ ಹೇಳಲಿಲ್ಲ. ಹೇಳಿದ್ದರೆ ನಾನು ಅವನ ಜೊತೆ ಮಾತು ಬಿಡುತ್ತಿದ್ದೆ.

ಆ ದಿನ ಬಿಸಿಲೇರಿದ ಮೇಲೆ ಎರಡನೆಯ ಹಂಡೆ ನೈವೇದ್ಯವಾಗಿ ಹೊರಬಂತು. ಕಾದು ಹಸಿದಿದ್ದ ಜನ ದೊನ್ನೆ ನೆಕ್ಕಿ ನೆಕ್ಕಿ ತಿಂದರು. ನಾನೂ ತಿಂದೆ. ಅಮ್ಮ ಬದುಕಿದ್ದರೆ ಅವಳೂ ಸುಮ್ಮನಿರುತ್ತಿದ್ದಳು, ಅದಕ್ಕಿಂತ ದೊಡ್ಡ ಹೊಗಳಿಕೆ ನಮ್ಮ ಮನೆಯಲ್ಲಿಲ್ಲ. ಎಲ್ಲರಿಗೂ ಹಂಚಿ ಮುಗಿದ ಮೇಲೆ ಆರಾ ಕೊನೆಯ ದೊನ್ನೆ ತೆಗೆದುಕೊಂಡು ಮೆಟ್ಟಿಲ ಮೇಲೆ ನನ್ನ ಪಕ್ಕ ಕೂತ. ಒಂದು ತುತ್ತು ತುಂಬ ಹೊತ್ತು ಬಾಯಲ್ಲೇ ಇಟ್ಟುಕೊಂಡಿದ್ದ.

"ಹೇಗಿದೆಯೋ ಕಂದಾ?"

"ಬಿಸಿಯಾಗಿದೆ ಅತ್ತೆ," ಎಂದ.

ಅವನ ಮೂಗು ಇವತ್ತಿಗೂ ಹಿಂದಿರುಗಿಲ್ಲ. ಗುಟ್ಟು ರಟ್ಟಾದ ಮೇಲೆ ನಾಟಕ ಬೇಕಿಲ್ಲ. ಆದರೂ ಊಟದ ಹೊತ್ತಿಗೆ ಉಪ್ಪಿಲ್ಲ, ಹುಳಿಯಿಲ್ಲ ಎಂದು ಕೂಗುತ್ತಾನೆ, ಈಗ ಗೋಡೆಯ ಕಡೆಗೇ ಮುಖ ಮಾಡಿ. ಕೋಮಳಾ ಬೇಕೆಂದೇ ಮಜ್ಜಿಗೆ ಹುಳಿ ಮಾಡಿದ ದಿನ, "ಹುಣಸೆ ಸಾಕೇನ್ರೀ?" ಎಂದು ಬೀದಿಗೆ ಕೇಳುವಂತೆ ವಿಚಾರಿಸುತ್ತಾಳೆ.

ಕಸ್ತೂರಿಯೂ ಬುದ್ಧಿ ಕಲಿತವನಲ್ಲ. ಆಮೇಲಿನ ಮಾರ್ಗಳಿಗಳಲ್ಲೆಲ್ಲ ಆರಾನ ಹಂಡೆ ಹೊರಬರುವಾಗ ಅಂಗಳದ ಮುಂದಿನ ಸಾಲಿಗೇ ಬಂದು ನಿಲ್ಲುತ್ತಾನೆ. ಊರೆಲ್ಲ ನೋಡುವ ಹಾಗೆ ಎರಡು ಬೆರಳಲ್ಲಿ ಮೂಗು ಹಿಡಿದು, ಬಾಯಿ ಬಿಗಿದು, ನಿಯಮ ಪಾಲಿಸುತ್ತಿದ್ದೇನೆ ಎಂಬಂತೆ ಕಣ್ಣು ಮುಚ್ಚುತ್ತಾನೆ. ಆರಾ ಅವನೆದುರಿಗೆ ಬಂದಾಗ ಭುಜ ಬದಲಾಯಿಸುವ ನೆಪ ತೆಗೆದು ಹಂಡೆ ಇಳಿಸುತ್ತಾನೆ. ಬಟ್ಟೆ ಸರಿಮಾಡುತ್ತಾನೆ, ಮುಚ್ಚಳ ತಟ್ಟುತ್ತಾನೆ, ಸೊಂಟ ಹಿಡಿದು ಸುಧಾರಿಸಿಕೊಳ್ಳುತ್ತಾನೆ. ಭಟ್ಟರು ಗಂಟೆ ಹಿಡಿದು ಸುಮ್ಮನೆ ಕಾಯುತ್ತಾರೆ. ಕಸ್ತೂರಿಯ ಮುಖ ಬದನೆಕಾಯಿಯ ಬಣ್ಣಕ್ಕೆ ತಿರುಗಿದ ಮೇಲೆಯೇ ನನ್ನ ಅಣ್ಣನ ಮಗ ಹಂಡೆ ಎತ್ತುವುದು.